ಡು ನಾಟ್ ಡಿಸ್ಟರ್ಬ್: ಆಫ್ ಮಾಡುವ ವಿಷಯದಲ್ಲಿ ಯಾವ ಫೋನ್ ಮೇಲು?

ಕರೆ, ಮೆಸೇಜುಗಳ ಸದ್ದಡಗಿಸುವ ‘ಡು ನಾಟ್ ಡಿಸ್ಟರ್ಬ್’ ಮೋಡ್ ಆನ್ ಮಾಡಿ ಫೋನಿನ ಬಾಯಿ ಮುಚ್ಚಿಸುವುದು ಒಂದು ಬೆರಳಿನ ಕೆಲಸ. ಮತ್ತೆ ಬಾಯಿ ಬಿಡಿಸುವುದು ಅಷ್ಟು ಸುಲಭವಲ್ಲ. ಆಫ್ ಮಾಡಿದರೂ ರಾತ್ರಿಯಾದರೆ ತಾನೇ ಆನ್ ಆಗುತ್ತದೆ, ಮೋಡ್ ಆನ್ ಇದೆ ಎಂದು ತೋರಿಸುವ ಚಂದ್ರನ ಗುರುತು ಹೋದರೂ ಕರೆ ಸದ್ದು ಮಾಡುವುದಿಲ್ಲ ಎಂಬ ದೂರುಗಳ ಬುಡ ಹೆಚ್ಚಾಗಿ ಒಂದೇ: ಸ್ವಿಚ್ ಒತ್ತಿದ್ದಾಗಿದೆ, ಆದರೆ ಮೋಡ್ ಆನ್ ಆಗಿದ್ದು ಯಾವುದರಿಂದ ಎಂದು ನೋಡಿಲ್ಲ. ನಿಗದಿ ಮಾಡಿಟ್ಟ ವೇಳೆ, ಕಾರಿನ ಬ್ಲೂಟೂತ್, ಪಕ್ಕದ ಕೋಣೆಯ ಟ್ಯಾಬ್ಲೆಟ್, ಫೋನನ್ನು ಬೋರಲು ಇಟ್ಟ ಭಂಗಿ, ಇವುಗಳಲ್ಲಿ ಯಾವುದು ಬೇಕಾದರೂ ಅದನ್ನು ಆನ್ ಮಾಡಬಲ್ಲದು. ಹಾಗಾಗಿ ಐಫೋನ್, ಸ್ಯಾಮ್‌ಸಂಗ್ ಮತ್ತು ಗೂಗಲ್‌ನ ಪಿಕ್ಸೆಲ್‌ಗಳನ್ನು ಇಲ್ಲಿ ಒಂದೇ ಅಳತೆಗೋಲಿನಿಂದ ನೋಡಿದ್ದೇವೆ: ಸದ್ದಡಗಿಸಿದ್ದು ಯಾವುದು ಎಂಬುದನ್ನು ಫೋನ್ ಎಷ್ಟು ಬೇಗ ತೋರಿಸುತ್ತದೆ?

ಐಫೋನ್‌ಗೆ ಡು ನಾಟ್ ಡಿಸ್ಟರ್ಬ್ ಬಂದದ್ದು 2012ರ ಐಒಎಸ್ 6ರಲ್ಲಿ. 2021ರ ಐಒಎಸ್ 15ರಿಂದ ಅದು ‘ಫೋಕಸ್’ ಎಂಬ ದೊಡ್ಡ ಮನೆಯ ಒಂದು ಕೋಣೆ. ಸ್ಲೀಪ್, ಡ್ರೈವಿಂಗ್, ವರ್ಕ್, ಪರ್ಸನಲ್ ಎಲ್ಲ ಅಕ್ಕಪಕ್ಕದಲ್ಲಿವೆ. ತಕ್ಷಣ ಆಫ್ ಮಾಡಲು ಪರದೆಯ ಬಲ ಮೇಲ್ತುದಿಯಿಂದ ಕೆಳಗೆ ಎಳೆದು ಕಂಟ್ರೋಲ್ ಸೆಂಟರ್ ತೆರೆಯಿರಿ. ಹೋಮ್ ಬಟನ್ ಇರುವ ಹಳೆಯ ಫೋನ್‌ಗಳಲ್ಲಿ ಕೆಳಗಿನಿಂದ ಮೇಲಕ್ಕೆ ಎಳೆಯಬೇಕು. ಅಲ್ಲಿ ಬೆಳಗುತ್ತಿರುವ ಫೋಕಸ್ ಗುರುತನ್ನು ಮುಟ್ಟಿದರೆ ಸಾಕು. ಲಾಕ್ ಸ್ಕ್ರೀನಿನ ಮೇಲೆ ಕಾಣುವ ಗುರುತನ್ನು ಒತ್ತಿ ಹಿಡಿದು, ಆನ್ ಇರುವ ಫೋಕಸನ್ನು ಮುಟ್ಟಿದರೂ ಅದೇ ಕೆಲಸ ಆಗುತ್ತದೆ. ಯಾವ ಫೋಕಸ್ ಆನ್ ಇದೆ ಎಂದು ಹೆಸರು ಸಮೇತ ಕಾಣಿಸುವುದು ಇದರ ದೊಡ್ಡ ಗುಣ.

ಆದರೆ ಆ ಮುಟ್ಟುವಿಕೆ ಆ ಹೊತ್ತಿಗೆ ಮಾತ್ರ. ರಾತ್ರಿ 10ಕ್ಕೆ ಶುರುವಾಗುವಂತೆ ಇಟ್ಟಿದ್ದರೆ ನಾಳೆ 10ಕ್ಕೆ ಮತ್ತೆ ಹಾಜರ್. ಕಾಯಂ ಆಗಿ ನಿಲ್ಲಿಸಲು ಸೆಟ್ಟಿಂಗ್ಸ್‌ನಲ್ಲಿ ಫೋಕಸ್ ತೆರೆದು, ಆ ಫೋಕಸ್ ಒಳಗೆ ಹೋಗಿ, ಶೆಡ್ಯೂಲ್‌ನ ಸ್ವಿಚ್ಚನ್ನು ಆಫ್ ಮಾಡಬೇಕು. ಅಲ್ಲೇ ‘ಸ್ಮಾರ್ಟ್ ಆಕ್ಟಿವೇಶನ್’ ಕಂಡರೆ ಅದನ್ನೂ ಆಫ್ ಮಾಡಿ. ನೀವಿರುವ ಜಾಗ, ಬಳಸುವ ಆ್ಯಪ್ ಮುಂತಾದವನ್ನು ನೋಡಿ ಫೋನ್ ತಾನೇ ತೀರ್ಮಾನ ತೆಗೆದುಕೊಳ್ಳುವುದು ಇದರಿಂದಲೇ.

ಹೆಚ್ಚು ಜನ ಎಡವುವುದು ಸ್ಲೀಪ್ ಫೋಕಸ್‌ನಲ್ಲಿ. ಇದರ ಬೇರು ಇರುವುದು ಹೆಲ್ತ್ ಆ್ಯಪ್‌ನಲ್ಲಿ. ಅಲ್ಲಿ ಸ್ಲೀಪ್ ವಿಭಾಗದ ಪೂರ್ತಿ ಶೆಡ್ಯೂಲ್ ತೆರೆದು, ಸ್ಲೀಪ್ ಫೋಕಸ್‌ಗೆ ಈ ಶೆಡ್ಯೂಲ್ ಬಳಸುವ ಸ್ವಿಚ್ಚನ್ನು ಆಫ್ ಮಾಡಿದರೆ ನಿದ್ದೆಯ ವೇಳೆ ಹಾಗೇ ಉಳಿಯುತ್ತದೆ, ಮೌನ ಮಾತ್ರ ಹೋಗುತ್ತದೆ. ‘ವಿಂಡ್ ಡೌನ್’ ಎಂಬ ನಿದ್ದೆಗೆ ಮುಂಚಿನ ಬಿಡುವಿನ ವೇಳೆ ಇಟ್ಟುಕೊಂಡವರಿಗೆ ಮಲಗುವ ಹೊತ್ತಿಗೂ ಮೊದಲೇ ಸದ್ದು ಅಡಗುತ್ತದೆ. 10ರ ಬದಲು ಒಂಬತ್ತೂವರೆಗೇ ಫೋನ್ ಸುಮ್ಮನಾದರೆ ಕಾರಣ ಇದೇ ಇರಬಹುದು.

ಡ್ರೈವಿಂಗ್ ಫೋಕಸ್ ಇನ್ನೊಂದು ಬಗೆ. ಬಸ್ಸಿನಲ್ಲೋ ರೈಲಿನಲ್ಲೋ ಕೂತವರನ್ನೂ ಅದು ಚಾಲಕರೆಂದು ತಿಳಿಯಬಹುದು, ಏಕೆಂದರೆ ಅದಕ್ಕೆ ಗೊತ್ತಾಗುವುದು ಚಲನೆ, ಸ್ಟೀರಿಂಗ್ ಯಾರ ಕೈಲಿದೆ ಎಂಬುದಲ್ಲ. ಫೋಕಸ್‌ನ ಡ್ರೈವಿಂಗ್ ಒಳಗೆ ‘ಆಟೊಮ್ಯಾಟಿಕಲಿ’ ಎಂದಿರುವುದನ್ನು ‘ಮ್ಯಾನುಯಲಿ’ ಮಾಡಿ, ಇಲ್ಲವೇ ಕಾರಿನ ಬ್ಲೂಟೂತ್ ಸೇರಿದಾಗ ಮಾತ್ರ ಎಂಬುದನ್ನು ಆಯ್ದುಕೊಳ್ಳಿ. ಸ್ವಂತ ಕಾರು ಓಡಿಸುವವರಿಗೆ ಎರಡನೆಯದೇ ಸರಿ. ಆ ರಕ್ಷಣೆಯನ್ನು ಪೂರ್ತಿ ಕಿತ್ತು ಹಾಕಬೇಡಿ.

ಇಷ್ಟಾದರೂ ಮೌನ ಮರಳಿ ಬರುತ್ತಿದ್ದರೆ ಎರಡು ಕಡೆ ನೋಡಿ. ಮೊದಲನೆಯದು ಫೋಕಸ್ ಪುಟದ ‘ಶೇರ್ ಅಕ್ರಾಸ್ ಡಿವೈಸಸ್’. ಒಂದೇ ಆ್ಯಪಲ್ ಖಾತೆಯ ಐಪ್ಯಾಡ್‌ನಲ್ಲೋ ಮ್ಯಾಕ್‌ನಲ್ಲೋ ಯಾರಾದರೂ ಫೋಕಸ್ ಆನ್ ಮಾಡಿದರೆ ನಿಮ್ಮ ಫೋನೂ ಬಾಯಿ ಮುಚ್ಚುತ್ತದೆ. ಒಂದೇ ಖಾತೆಯ ಐಪ್ಯಾಡ್ ಮನೆಮಂದಿಯ ಕೈಯಲ್ಲೆಲ್ಲ ಓಡಾಡುತ್ತಿದ್ದರೆ ಮೊದಲು ಅನುಮಾನಿಸಬೇಕಾದದ್ದು ಇದನ್ನೇ. ಎರಡನೆಯದು ಲಾಕ್ ಸ್ಕ್ರೀನ್. ಐಒಎಸ್ 16ರಿಂದ ಒಂದು ವಾಲ್‌ಪೇಪರಿಗೆ ಒಂದು ಫೋಕಸ್ ಅಂಟಿಸಬಹುದು. ಚಿತ್ರ ಬದಲಾಯಿಸಿದರೆ ಫೋಕಸ್ ಕೂಡ ಬದಲಾಗುತ್ತದೆ. ಲಾಕ್ ಸ್ಕ್ರೀನನ್ನು ಒತ್ತಿ ಹಿಡಿದು, ಕೆಳಗಿನ ಫೋಕಸ್ ಗುರುತನ್ನು ಮುಟ್ಟಿ, ಆ ನಂಟು ಬಿಡಿಸಿ. ಒಟ್ಟಿನಲ್ಲಿ ಐಫೋನ್ ಈಗ ಏನು ಆನ್ ಇದೆ ಎಂಬುದನ್ನು ಚೆನ್ನಾಗಿ ಹೇಳುತ್ತದೆ, ಅದು ಯಾಕೆ ಆನ್ ಆಯಿತು ಎಂಬುದನ್ನು ಹುಡುಕಲು ನಿಮ್ಮನ್ನೇ ಬಿಡುತ್ತದೆ.

ಆಂಡ್ರಾಯ್ಡ್‌ನಲ್ಲಿ ಮೇಲಿನಿಂದ ಎರಡು ಸಲ ಕೆಳಗೆಳೆದು ಡು ನಾಟ್ ಡಿಸ್ಟರ್ಬ್ ಟೈಲ್ ಮುಟ್ಟುವುದು ಎಲ್ಲ ಕಂಪನಿಗಳ ಫೋನಿಗೂ ಹೆಚ್ಚುಕಡಿಮೆ ಒಂದೇ. ಫೋನಿನ ಭಾಷೆ ಕನ್ನಡವಾಗಿದ್ದರೆ ‘ಅಡಚಣೆ ಮಾಡಬೇಡಿ’ ಎಂದು ಹುಡುಕಿ. ದಾರಿಗಳು ಕವಲೊಡೆಯುವುದು ಅಲ್ಲಿಂದ ಮುಂದೆ.

ಸ್ಯಾಮ್‌ಸಂಗ್ ಈ ಮೂರರಲ್ಲಿ ಹೆಚ್ಚು ಸೌಲಭ್ಯ ಕೊಡುತ್ತದೆ, ಹೆಚ್ಚು ತಲೆ ಕೆಡಿಸುವುದೂ ಅದೇ. ಸೆಟ್ಟಿಂಗ್ಸ್‌ನ ನೋಟಿಫಿಕೇಶನ್ಸ್ ಒಳಗೆ ಡು ನಾಟ್ ಡಿಸ್ಟರ್ಬ್ ಇದೆ, ಅದಕ್ಕೆ ತನ್ನದೇ ಶೆಡ್ಯೂಲ್ ಇದೆ. ಜೊತೆಗೆ ಸ್ಯಾಮ್‌ಸಂಗ್‌ನ ಸಾಫ್ಟ್‌ವೇರ್ ಆದ ಒನ್ ಯುಐನ 2022ರ ಆವೃತ್ತಿ 5ರಿಂದ ‘ಮೋಡ್ಸ್ ಅಂಡ್ ರೂಟೀನ್ಸ್’ ಎಂಬ ಬೇರೆ ವಿಭಾಗವಿದೆ. ಸ್ಲೀಪ್ ಮೋಡ್ ಅಲ್ಲಿಂದಲೇ ಡು ನಾಟ್ ಡಿಸ್ಟರ್ಬ್ ಅನ್ನು ಎಳೆದು ತರುತ್ತದೆ. ಟೈಲ್ ಮಾತ್ರ ಆಫ್ ಮಾಡಿದರೆ ಇಂದಿನ ಮೌನ ಮುರಿಯಬಹುದು, ಮೋಡ್ ಅಲ್ಲೇ ಕಾದಿರುತ್ತದೆ. ಆನ್ ಇರುವ ಮೋಡ್ ತೆರೆದು ಅದನ್ನೇ ಆಫ್ ಮಾಡಿ, ತಾನಾಗಿ ಆನ್ ಆಗುವ ಷರತ್ತುಗಳನ್ನು ಅಳಿಸಿ, ಪಕ್ಕದ ರೂಟೀನ್ಸ್ ಟ್ಯಾಬಿನಲ್ಲಿ ಹಳೆಯದೇನಾದರೂ ಉಳಿದಿದೆಯೇ ನೋಡಿ. ಇನ್ನೊಂದು ಮೂಲೆಯೂ ಇದೆ: ಆಕ್ಸೆಸಿಬಿಲಿಟಿಯಲ್ಲಿ ಶ್ರವಣದ ವಿಭಾಗದ ‘ಮ್ಯೂಟ್ ಆಲ್ ಸೌಂಡ್ಸ್’. ಅದು ಆನ್ ಆಗಿದ್ದರೆ ಡು ನಾಟ್ ಡಿಸ್ಟರ್ಬ್ ಎಷ್ಟು ಸಲ ಆಫ್ ಮಾಡಿದರೂ ಸದ್ದು ಬರದು.

ಪಿಕ್ಸೆಲ್ 2025ರ ಮಾರ್ಚ್ ಅಪ್‌ಡೇಟಿನಲ್ಲಿ ಒಳ್ಳೆಯ ಕೆಲಸ ಮಾಡಿತು. ಚದುರಿಹೋಗಿದ್ದ ಡು ನಾಟ್ ಡಿಸ್ಟರ್ಬ್, ಬೆಡ್‌ಟೈಮ್, ಡ್ರೈವಿಂಗ್ ಎಲ್ಲವನ್ನೂ ಸೆಟ್ಟಿಂಗ್ಸ್‌ನ ‘ಮೋಡ್ಸ್’ ಎಂಬ ಒಂದೇ ಪಟ್ಟಿಗೆ ತಂದಿತು. ಯಾವುದು ಆನ್ ಇದೆ, ಯಾವುದಕ್ಕೆ ವೇಳೆ ನಿಗದಿಯಾಗಿದೆ ಎಂಬುದು ಒಂದೇ ನೋಟಕ್ಕೆ ಸಿಗುತ್ತದೆ. ನಮ್ಮ ಅಳತೆಗೋಲಿಗೆ ಇದೇ ಎಲ್ಲಕ್ಕಿಂತ ಹತ್ತಿರ. ಉಳಿದಿರುವ ಒಂದು ಗೊಂದಲ ‘ಫ್ಲಿಪ್ ಟು ಶ್’: ಫೋನನ್ನು ಬೋರಲು ಇಟ್ಟರೆ ಮೌನ, ಎತ್ತಿ ನೋಡುವ ಹೊತ್ತಿಗೆ ಎಲ್ಲ ಸರಿ. ಹಾಗಾಗಿ ಎಷ್ಟು ನೋಡಿದರೂ ತಪ್ಪು ಸಿಗುವುದಿಲ್ಲ. ಡಿಜಿಟಲ್ ವೆಲ್‌ಬೀಯಿಂಗ್ ಒಳಗೆ ಅದನ್ನು ಆಫ್ ಮಾಡಬಹುದು.

ಒನ್‌ಪ್ಲಸ್‌ನ ಪಕ್ಕದಲ್ಲಿ ಮೂರು ಹಂತದ ಜಾರುಗುಂಡಿ ಇರುವ ಮಾದರಿಗಳಲ್ಲಿ ಮೊದಲು ಅದನ್ನೇ ನೋಡಿ, ಮೇಲಿದ್ದರೆ ಸೈಲೆಂಟ್.

ಯಾವುದೇ ಆಂಡ್ರಾಯ್ಡ್‌ನಲ್ಲಿ ಕಾರಣ ಸಿಗದಿದ್ದರೆ ಸೆಟ್ಟಿಂಗ್ಸ್‌ನ ಹುಡುಕು ಪಟ್ಟಿಯಲ್ಲಿ ‘ಡು ನಾಟ್ ಡಿಸ್ಟರ್ಬ್ ಆಕ್ಸೆಸ್’ ಎಂದು ಟೈಪ್ ಮಾಡಿ. ಮೋಡ್ ಅನ್ನು ಆನ್ ಆಫ್ ಮಾಡಲು ಅನುಮತಿ ಪಡೆದ ಆ್ಯಪ್‌ಗಳ ಪಟ್ಟಿ ಬರುತ್ತದೆ. ಗೇಮಿಂಗ್, ನಿದ್ದೆ, ಆಟೊಮೇಶನ್ ಆ್ಯಪ್‌ಗಳಲ್ಲಿ ಬೇಡದವುಗಳ ಅನುಮತಿ ಹಿಂತೆಗೆಯಿರಿ. ಇಂಥ ಪಟ್ಟಿ ಐಫೋನಿನಲ್ಲೂ ಇದ್ದಿದ್ದರೆ ಎಷ್ಟು ಚೆನ್ನಾಗಿತ್ತು! ಅಲಾರಂ ವಿಚಾರಕ್ಕೂ ಎಚ್ಚರ ಬೇಕು: ಐಫೋನಿನ ಕ್ಲಾಕ್ ಅಲಾರಂ ಫೋಕಸ್‌ನಲ್ಲೂ ಹೊಡೆಯುತ್ತದೆ, ಆಂಡ್ರಾಯ್ಡ್‌ನಲ್ಲಿ ವಿನಾಯಿತಿ ಪಟ್ಟಿಯಿಂದ ಅಲಾರಂ ತೆಗೆದಿದ್ದರೆ ಅದೂ ಸುಮ್ಮನಿರುತ್ತದೆ.

ಆಫ್ ಮಾಡಿದ್ದು ನಿಜಕ್ಕೂ ಆಫ್ ಆಗಿದೆಯೇ ಎಂದು ತಿಳಿಯಲು ಇನ್ನೊಂದು ಫೋನಿನಿಂದ ಕರೆ ಮಾಡಿ ನೋಡಿ, ಆದರೆ ಸರಿಯಾಗಿ ಮಾಡಿ. ಕರೆ ಮಾಡುವವರು ಫೇವರಿಟ್ ಅಥವಾ ನಕ್ಷತ್ರ ಹಾಕಿದ ಪಟ್ಟಿಯಲ್ಲಿ ಇರಬಾರದು, ಅಂಥವರ ಕರೆ ಮೌನದಲ್ಲೂ ಒಳಬರಬಹುದು. ಸೇವ್ ಆಗದ ನಂಬರೂ ಬೇಡ, ಅಪರಿಚಿತ ಕರೆಗಳನ್ನು ತಡೆಯುವ ಸೆಟ್ಟಿಂಗ್ ಬೇರೆಯೇ ಇದೆ. ಸೇವ್ ಆಗಿರುವ ಸಾಮಾನ್ಯ ನಂಬರಿನಿಂದ ಬರಲಿ, ಮೊದಲ ಕರೆಯನ್ನೇ ನೋಡಿ. ಒಂದೇ ನಂಬರಿನ ಎರಡನೇ ಕರೆಯನ್ನು ಐಫೋನ್ 3 ನಿಮಿಷದೊಳಗೆ, ಆಂಡ್ರಾಯ್ಡ್ 15 ನಿಮಿಷದೊಳಗೆ ಬಂದರೆ ಒಳಬಿಡಬಲ್ಲದು. ಎರಡನೆಯದಕ್ಕೆ ಮಾತ್ರ ರಿಂಗ್ ಆದರೆ ಮೋಡ್ ಇನ್ನೂ ಆನ್ ಇದೆ ಎನ್ನಬಹುದು.

ಮೊದಲ ಕರೆಗೇ ರಿಂಗ್ ಆಗಿ, ಒಂದು ಆ್ಯಪಿನ ಮೆಸೇಜ್ ಮಾತ್ರ ಸದ್ದು ಮಾಡದಿದ್ದರೆ ತಪ್ಪು ಮೋಡ್‌ನದಲ್ಲ. ಆ ಚಾಟ್ ಮ್ಯೂಟ್ ಆಗಿದೆಯೇ, ಆಂಡ್ರಾಯ್ಡ್‌ನಲ್ಲಿ ಆ ನೋಟಿಫಿಕೇಶನ್ ‘ಸೈಲೆಂಟ್’ ಗುಂಪಿಗೆ ಬಿದ್ದಿದೆಯೇ, ಐಫೋನ್‌ನಲ್ಲಿ ನೋಟಿಫಿಕೇಶನ್‌ಗಳನ್ನು ನಿಗದಿತ ವೇಳೆಗೆ ಒಟ್ಟಾಗಿ ತೋರಿಸುವ ‘ಶೆಡ್ಯೂಲ್ಡ್ ಸಮರಿ’ಗೆ ಸೇರಿದೆಯೇ, ಸ್ಯಾಮ್‌ಸಂಗ್‌ನಲ್ಲಿ ಬ್ಯಾಟರಿ ಉಳಿಸಲು ಆ ಆ್ಯಪನ್ನು ‘ಡೀಪ್ ಸ್ಲೀಪಿಂಗ್’ ಪಟ್ಟಿಗೆ ಹಾಕಲಾಗಿದೆಯೇ ಎಂದು ಈ ಕ್ರಮದಲ್ಲೇ ನೋಡುತ್ತ ಹೋಗಿ.