ಬ್ಲ್ಯಾಕ್ ಲೋಕಸ್ಟ್ ಸಸಿಗಳ ಕಟ್ಟು: ಬೇಲಿಗೆ ತರಿಸಿ, ಹಿತ್ತಲಿಗೆ ಬೇಡ

ಸಸಿಗೆ ಐದಕ್ಕೆ ನಾಲ್ಕೂವರೆ. ಕಳಿಸಿದ ನರ್ಸರಿಗೆ ಮೂರು. ಅವರ ಕ್ಯಾಟಲಾಗಿಗೆ ಒಂದು, ಅದೂ ಕಾಗದ ಚೆನ್ನಾಗಿದೆ ಅಂತ.

ನಾವಿರುವುದು ಅಮೆರಿಕದ ಪೆನ್ಸಿಲ್ವೇನಿಯಾದ ನಡುಭಾಗದಲ್ಲಿ. ಮನೆಯ ಹಿಂದೆ ಇಳಿಜಾರು, ಜೇಡಿಮಣ್ಣು, ಮಳೆ ಬಂದರೆ ಮಣ್ಣೆಲ್ಲ ಕೆಳಗೆ. ಮಣ್ಣು ಹಿಡಿಯುವ ಮರ ಬೇಕಿತ್ತು, ಮುಂದೆ ಬೇಲಿಗೆ ಗೂಟವೂ ಆಗಬೇಕಿತ್ತು. ಈ ಕಡೆಯ ರೈತರು ಕಣ್ಣು ಮುಚ್ಚಿ ಹೇಳುವ ಹೆಸರು ಬ್ಲ್ಯಾಕ್ ಲೋಕಸ್ಟ್. ಅಪಲೇಚಿಯನ್ ಬೆಟ್ಟಗಳೇ ಇದರ ತವರು. ಕಲ್ಲಿದ್ದಲು ತೆಗೆದು ಬೋಳಾಗಿ ಬಿಟ್ಟ ಗುಡ್ಡಗಳ ಮೇಲೆ ಹಿಂದೆ ಇದನ್ನೇ ನೆಡುತ್ತಿದ್ದರು. ಅಂಥ ಜಾಗದಲ್ಲಿ ಬದುಕುವ ಮರಕ್ಕೆ ನಮ್ಮ ಜೇಡಿಮಣ್ಣು ಯಾವ ಲೆಕ್ಕ?

ತರಿಸಿದ್ದು 25 ಸಸಿಗಳ ಒಂದು ಕಟ್ಟು. ಕುಂಡ ಇಲ್ಲ, ಮಣ್ಣೂ ಇಲ್ಲ. ಬರೀ ಬೇರು, ಒದ್ದೆ ಕಾಗದದಲ್ಲಿ ಸುತ್ತಿರುತ್ತದೆ. ಇಲ್ಲಿ ಬೇರ್ ರೂಟ್ ಅನ್ನುತ್ತಾರೆ. ಗಿಡ ನಿದ್ದೆಯಲ್ಲಿ ಇರುವಾಗಲೇ, ಅಂದರೆ ಚಿಗುರು ಒಡೆಯುವ ಮೊದಲೇ, ಕೈಗೆ ಸಿಗಬೇಕು. ನಮಗೆ ಸಿಕ್ಕಿದ್ದು ತಡವಾಗಿ. ಕೆಲವದರಲ್ಲಿ ಕಟ್ಟಿನೊಳಗೇ ಬಿಳಿಚಿಕೊಂಡ ಚಿಗುರು ಬಂದಿತ್ತು. ಪೆನ್ಸಿಲ್ ದಪ್ಪ ಅಂತ ಬರೆದಿದ್ದರು, ಕಡ್ಡಿ ದಪ್ಪದವೂ ಇದ್ದವು. ಫೋಟೋ ತೆಗೆದು ಕಳಿಸಿದೆ. ಜಗಳ ಮಾಡಲಿಲ್ಲ, ಸತ್ತವಕ್ಕೆ ದುಡ್ಡು ವಾಪಸ್ ಹಾಕಿದರು. ಮೂರು ಅಂಕ ಬಂದದ್ದು ಅದಕ್ಕೇ.

ನೆಡುವುದು ಸುಲಭ. ಬೇರನ್ನು ಕೆಲವು ಗಂಟೆ ನೀರಲ್ಲಿ ನೆನೆಸಿ, ಗುದ್ದಲಿಯಲ್ಲಿ ಗುಂಡಿ ತೆಗೆದು, ಬೇರು ಮಡಚದ ಹಾಗೆ ಇಳಿಸಿ, ಮಣ್ಣು ಮುಚ್ಚಿ ತುಳಿದರೆ ಆಯಿತು. ಗೊಬ್ಬರ ಬೇಡವೇ ಬೇಡ. ತೊಗರಿ, ಹೊಂಗೆಯ ಕುಲದ್ದೇ ಇದು. ಬೇರಿನ ಗಂಟುಗಳಲ್ಲಿ ಇರುವ ಬ್ಯಾಕ್ಟೀರಿಯಾ ಗಾಳಿಯ ಸಾರಜನಕವನ್ನು ಹಿಡಿದುಕೊಡುತ್ತವೆ. ನೀರು ನಿಲ್ಲುವ ಜಾಗ ಮಾತ್ರ ಆಗದು, ನೆರಳೂ ಆಗದು. ಬಿಸಿಲು ಬೇಕು. ಜಿಂಕೆಗಳಿಗೆ ಎಳೆ ಚಿಗುರು ಇಷ್ಟ, ಹಾಗಾಗಿ ಪ್ಲಾಸ್ಟಿಕ್ ಕೊಳವೆ ಹಾಕಲೇಬೇಕು. ಆ ಖರ್ಚು ಸಸಿಯ ಬೆಲೆಗಿಂತ ಜಾಸ್ತಿ. ಕ್ಯಾಟಲಾಗಿನಲ್ಲಿ ಅದರ ಸುದ್ದಿಯೇ ಇಲ್ಲ.

ಇನ್ನೊಂದು ಮಾತು. ವಸಂತದಲ್ಲಿ ಎಲ್ಲ ಮರ ಹಸಿರಾದರೂ ಇದು ಒಣಕಲಾಗಿ ನಿಂತಿರುತ್ತದೆ. ಸತ್ತಿಲ್ಲ. ಎಲೆ ಬಿಡುವುದರಲ್ಲಿ ಇದೇ ಕೊನೆಯ ಸಾಲಿನದು. ಕಿತ್ತು ಬಿಸಾಡಬೇಡಿ.

ಎಲೆ ಬಂದ ಮೇಲೆ ವಿಡಿಯೋ ಕಾಲ್‌ನಲ್ಲಿ ಅಪ್ಪಯ್ಯನಿಗೆ ತೋರಿಸಿದೆ. ನಮ್ಮದು ಸಾಗರದ ಕಡೆ ಅಡಿಕೆ ತೋಟ. "ಇದು ನಮ್ಮ ಗೊಬ್ಬರದ ಗಿಡ ಅಲ್ವೇನೋ? ಅದಕ್ಕೆ ದುಡ್ಡು ಕೊಟ್ಟೆಯಾ?" ಅಂದರು. ಅಪ್ಪಯ್ಯ ಹೇಳಿದ್ದು ಪೂರ್ತಿ ತಪ್ಪಲ್ಲ. ಗೊಬ್ಬರದ ಗಿಡ, ಅಂದರೆ ಗ್ಲಿರಿಸಿಡಿಯಾ, ಇದರ ಹತ್ತಿರದ ನೆಂಟ. 1760ರಲ್ಲಿ ಜಾಕ್ವಿನ್ ಅನ್ನುವ ಸಸ್ಯವಿಜ್ಞಾನಿ ಅದಕ್ಕೆ ಇಟ್ಟ ಹೆಸರೇ ರಾಬಿನಿಯಾ ಸೆಪಿಯಮ್. ಬ್ಲ್ಯಾಕ್ ಲೋಕಸ್ಟ್ ಇವತ್ತಿಗೂ ರಾಬಿನಿಯಾನೇ. ಪ್ಯಾರಿಸ್ಸಿನ ರಾಜರ ತೋಟಗಾರ ಜ್ಯಾಂ ರೋಬ್ಯಾಂ ನೆನಪಿಗೆ ಸ್ವೀಡನ್ನಿನ ಸಸ್ಯವಿಜ್ಞಾನಿ ಲಿನೇಯಸ್ ಇಟ್ಟ ಹೆಸರು ಅದು. ರೋಬ್ಯಾಂ 1601ರಲ್ಲಿ ನೆಟ್ಟದ್ದು ಅಂತ ಹೇಳುವ ಮರವೊಂದು ಪ್ಯಾರಿಸ್ಸಿನಲ್ಲಿ ಇನ್ನೂ ಇದೆ, ಸಿಮೆಂಟ್ ಕಂಬಗಳ ಆಸರೆಯಲ್ಲಿ.

"ಒಂದು ರೆಂಬೆ ಕಡಿದು ಊರು, ಚಿಗುರ್ತದೆ" ಅಂದರು ಅಪ್ಪಯ್ಯ. ಇಲ್ಲಿ ಮಾತ್ರ ಎರಡೂ ಬೇರೆ ಬೇರೆ. ಗೊಬ್ಬರದ ಗಿಡದ ಗೂಟ ಊರಿದರೆ ಬೇಲಿಯೇ ಮರವಾಗುತ್ತದೆ. ಲೋಕಸ್ಟ್ ರೆಂಬೆ ಹಾಗೆ ಸುಲಭಕ್ಕೆ ಬೇರು ಬಿಡುವುದಿಲ್ಲ. ಇದರ ಜೀವ ಇರುವುದು ಬೇರಿನಲ್ಲಿ. ಬೆರಳುದ್ದದ ಬೇರಿನ ತುಂಡು ಹೂತರೂ ಗಿಡ ಏಳುತ್ತದೆ. ಹಂಗೇರಿಯಲ್ಲಿ ಒಳ್ಳೆ ತಳಿಗಳನ್ನು ಹೀಗೇ ಬೇರಿನ ತುಂಡಿನಿಂದ ಬೆಳೆಸುತ್ತಾರೆ. ಬೀಜದಿಂದಲೂ ಆಗುತ್ತದೆ, ಆದರೆ ಬೀಜದ ಸಿಪ್ಪೆ ಗಟ್ಟಿ. ಬಿಸಿನೀರು ಸುರಿದು ರಾತ್ರಿ ಬಿಟ್ಟು, ಬೆಳಿಗ್ಗೆ ಊದಿಕೊಂಡವನ್ನು ಮಾತ್ರ ಬಿತ್ತಬೇಕು.

ಬೇರಿನ ಈ ಗುಣವೇ ಗುಣ, ಇದೇ ರೋಗ. ಮರದಿಂದ ಎಷ್ಟೋ ದೂರದಲ್ಲಿ, ಹುಲ್ಲಿನ ನಡುವೆ, ಮರಿ ಏಳುತ್ತದೆ. ಕತ್ತರಿಸಿದರೆ ಇನ್ನೂ ಜಾಸ್ತಿ. ಮರ ಕಡಿದರಂತೂ ಸುತ್ತಲೂ ಪಡೆಯೇ ಬರುತ್ತದೆ. ಎಳೆ ಕಾಂಡದಲ್ಲಿ ಎಲೆಯ ಬುಡಕ್ಕೆ ಎರಡೆರಡು ಮುಳ್ಳು. ಹುಲ್ಲು ಕತ್ತರಿಸುವ ಯಂತ್ರದ ಟೈರು ಪಂಕ್ಚರ್ ಆಗುತ್ತದೆ, ಚಪ್ಪಲಿಯೂ ತೂತಾಗುತ್ತದೆ. ಇಳಿಜಾರಿನಲ್ಲಿ ನನಗೆ ಬೇಕಾದದ್ದು ಇದೇ, ಮಣ್ಣು ಈಗ ಕದಲುವುದಿಲ್ಲ. ನಮ್ಮ ಪಕ್ಕದವರು ಅದೇ ಕ್ಯಾಟಲಾಗ್ ನೋಡಿ ಲಾನ್ ಅಂಚಿಗೆ ನೆಟ್ಟರು. "ಆರೈಕೆ ಬೇಡದ ನೆರಳಿನ ಮರ" ಅಂತ ಬರೆದಿತ್ತಂತೆ. ಮರಕ್ಕೆ ಆರೈಕೆ ಬೇಡ, ನಿಜ. ಈಗ ಲಾನ್‌ಗೆ ಬೇಕು. ಕಾಲು ಎಕರೆ ಹಿತ್ತಲು ಇರುವವರಿಗೆ ಈ ಮರ ಮಾರುವುದೇ ಅನ್ಯಾಯ. ಮ್ಯಾಸಚೂಸೆಟ್ಸ್‌ನಂಥ ಕಡೆ ಮಾರುವುದನ್ನೇ ನಿಷೇಧಿಸಿದ್ದಾರೆ, ನಿಮ್ಮ ರಾಜ್ಯದ ಪಟ್ಟಿ ಒಮ್ಮೆ ನೋಡಿಕೊಳ್ಳಿ.

ಕ್ಯಾಟಲಾಗಿನ ಇನ್ನೊಂದು ಸುಳ್ಳು, ಕೆಲವೇ ವರ್ಷಕ್ಕೆ ಗೂಟ ರೆಡಿ ಅನ್ನುವುದು. ಮರ ಬೇಗ ಎತ್ತರ ಹೋಗುತ್ತದೆ, ಒಪ್ಪುತ್ತೇನೆ. ಆದರೆ ಗೂಟಕ್ಕೆ ಬೇಕಾದದ್ದು ಎತ್ತರ ಅಲ್ಲ, ಚೇಗು. ಹೊರಗಿನ ಬಿಳಿ ಮರ ಕೊಳೆಯುತ್ತದೆ. ಒಳಗಿನ ಹಳದಿ-ಹಸಿರು ಚೇಗು ದಶಕಗಟ್ಟಲೆ ಮಣ್ಣಿನಲ್ಲಿ ನಿಲ್ಲುತ್ತದೆ, ಔಷಧಿ ಹಚ್ಚದೆ. ಕಲ್ಲಿಗಿಂತ ಒಂದು ವರ್ಷ ಜಾಸ್ತಿ ಬಾಳುತ್ತದೆ ಅಂತ ಇಲ್ಲಿ ತಮಾಷೆ ಮಾಡುತ್ತಾರೆ. ಆ ಚೇಗು ದಪ್ಪ ಆಗಲು ಹತ್ತು-ಹದಿನೈದು ವರ್ಷ ಕಾಯಲೇಬೇಕು. ಅಲ್ಲಿಯವರೆಗೆ ನಾನು ಆಮಿಶ್ (ಹಳೇ ಪದ್ಧತಿಯಲ್ಲೇ ಬದುಕುವ ಇಲ್ಲಿನ ಒಂದು ಕ್ರೈಸ್ತ ಪಂಗಡ) ಮರಗೆಲಸದವರ ಹತ್ತಿರ ಗೂಟ ಕೊಂಡು ಹಾಕಿದ್ದೇನೆ. ಕೊಳ್ಳುವಾಗ ಒಂದು ಉಪಾಯ: ಸಣ್ಣ ಯುವಿ, ಅಂದರೆ ಅತಿನೇರಳೆ ಬೆಳಕಿನ ಟಾರ್ಚ್ ತೆಗೆದುಕೊಂಡು ಹೋಗಿ. ಬ್ಲ್ಯಾಕ್ ಲೋಕಸ್ಟ್ ಚೇಗು ಆ ಬೆಳಕಿಗೆ ಹಳದಿ-ಹಸಿರಾಗಿ ಹೊಳೆಯುತ್ತದೆ. ಹಿಪ್ಪುನೇರಳೆ ನೋಡಲು ಹಾಗೇ ಇದ್ದರೂ ಹೀಗೆ ಹೊಳೆಯುವುದಿಲ್ಲ. ಹನಿ ಲೋಕಸ್ಟ್ ಅಂತ ಇನ್ನೊಂದು ಮರವಿದೆ, ಅದು ಬೇರೆಯೇ. ಮೊಳೆ ಹೊಡೆಯುವುದಿದ್ದರೆ ಗೂಟ ಹಸಿ ಇರುವಾಗಲೇ ಹೊಡೆಯಿರಿ. ಒಣಗಿದ ಮೇಲೆ ಮೊಳೆಯೇ ಬಾಗುತ್ತದೆ.

ಕುದುರೆ ಇರುವ ಕಡೆ ಸಿಪ್ಪೆ ಸುಲಿದೇ ನೆಡಬೇಕು. ಸಿಪ್ಪೆ, ಎಲೆ, ಬೀಜ ಎಲ್ಲವೂ ವಿಷ, ಕುದುರೆಗೆ ಹೆಚ್ಚು ಅಪಾಯ. ಊರಿನಲ್ಲಿ ಗೊಬ್ಬರದ ಗಿಡದ ಸೊಪ್ಪನ್ನು ಆಡಿಗೆ ಹಾಕಿದ ಅಭ್ಯಾಸದಲ್ಲಿ ಇದನ್ನೂ ಹಾಕಲು ಹೋಗಬೇಡಿ.

ತಿನ್ನಬಹುದಾದದ್ದು ಹೂವು ಮಾತ್ರ. ನಮ್ಮ ಮರಗಳು ಹೋದ ವರ್ಷ ಮೊದಲ ಸಲ ಹೂ ಬಿಟ್ಟವು, ಮೇ ಕೊನೆಗೆ. ಬಿಳಿ ಗೊಂಚಲು, ಅಂಗಳದ ತುಂಬ ಪರಿಮಳ. ಇಟಲಿ, ಫ್ರಾನ್ಸ್‌ನಲ್ಲಿ ಹಿಟ್ಟಿನಲ್ಲಿ ಅದ್ದಿ ಕರಿಯುತ್ತಾರೆ ಅಂತ ಹೇಳಿದೆ. "ಅದಕ್ಕೆ ಇಟಲಿ ಯಾಕ್ರೀ, ಕಡ್ಲೆಹಿಟ್ಟು ಇದೆಯಲ್ಲ" ಅಂತ ನನ್ನ ಹೆಂಡತಿ ಬಜ್ಜಿ ಮಾಡಿದಳು. ಓಮ ಹಾಕಬಾರದು, ಹೂವಿನ ರುಚಿ ಸತ್ತೇಹೋಗುತ್ತದೆ. ತೊಟ್ಟು ಬಿಡಿಸಿ, ಹೂವಷ್ಟೇ ಇರಲಿ. ಜೇನಿನ ಕಥೆ ಅದೃಷ್ಟದ್ದು. ಹೂ ಇರುವುದು ಹತ್ತು ದಿನ, ಅಷ್ಟರಲ್ಲಿ ಮಳೆ ಬಂದರೆ ಮುಗಿಯಿತು. ಅಂಗಡಿಯಲ್ಲಿ "ಅಕೇಷಿಯಾ ಹನಿ" ಅಂತ ಬರುವ ತಿಳಿಬಣ್ಣದ ಜೇನು ಇದೇ ಮರದ್ದು. ಬಹಳಷ್ಟು ಹಂಗೇರಿಯದು, ಅಲ್ಲಿನ ಕಾಡಿನಲ್ಲಿ ಹತ್ತಿರಹತ್ತಿರ ಕಾಲುಭಾಗ ಈ ಮರವೇ. ಫ್ರಕ್ಟೋಸ್ ಅನ್ನುವ ಸಕ್ಕರೆ ಜಾಸ್ತಿ ಇರುವುದರಿಂದ ಬಹಳ ಕಾಲ ಗಟ್ಟಿಯಾಗುವುದಿಲ್ಲ.

ಅರ್ಧ ಅಂಕ ಕಡಿದದ್ದು ಹುಳುವಿಗೆ. ಸೆಪ್ಟೆಂಬರ್‌ನಲ್ಲಿ ಗೋಲ್ಡನ್‌ರಾಡ್ ಹೂವಿನ ಮೇಲೆ ಕಣಜದ ಹಾಗೆ ಕಾಣುವ, ಕಪ್ಪು-ಹಳದಿ ಪಟ್ಟೆಯ ದುಂಬಿ ಕೂತಿರುತ್ತದೆ. ಇದರ ಮರಿ ಕಾಂಡ ಕೊರೆಯುತ್ತದೆ, ಆಮೇಲೆ ಗಾಳಿಗೆ ಮರ ಅಲ್ಲೇ ಮುರಿಯುತ್ತದೆ. ಸೊರಗಿದ ಮರಕ್ಕೆ ಕಾಟ ಹೆಚ್ಚು. ನಮ್ಮಲ್ಲಿ ಇಳಿಜಾರಿನ ಮೇಲ್ತುದಿಯ ಬಡ ಮಣ್ಣಿನವು ಹೀಗೇ ಹೋದವು. ಆಗಸ್ಟ್‌ನಲ್ಲಿ ಎಲೆಯೆಲ್ಲ ಕಂದಾದರೆ ಗಾಬರಿ ಬೇಡ. ಅದು ಎಲೆ ಕೊರೆಯುವ ಬೇರೆ ಹುಳು, ಸಾಮಾನ್ಯವಾಗಿ ಮರ ಸಾಯುವುದಿಲ್ಲ. ಮುರಿದದ್ದು ಒಲೆಗೆ ಹೋಯಿತು. ರೆಡ್ ಓಕ್‌ಗಿಂತ ಜಾಸ್ತಿ ಕಾವು.

ತರಿಸುವವರು ಜನವರಿಯಲ್ಲೇ ಆರ್ಡರ್ ಹಾಕಿ, ಯಾವ ವಾರ ಕಳಿಸುತ್ತಾರೆ ಅಂತ ಬರವಣಿಗೆಯಲ್ಲಿ ಕೇಳಿ. ಮುಳ್ಳಿಲ್ಲದ ತಳಿಗೆ ಜಾಸ್ತಿ ದುಡ್ಡು ಕೇಳುತ್ತಾರೆ. ಬೇಲಿಗೆ ಆದರೆ ಅದು ಅನಾವಶ್ಯಕ. ನಾನಂತೂ ಇನ್ನು ಸಸಿ ತರಿಸುವುದಿಲ್ಲ, ಬೇರಿನ ಮರಿಗಳೇ ಬೇಕಾದಷ್ಟಿವೆ. ಈ ಕಡೆ ಇರುವ ನಮ್ಮವರಿಗೆ ಬೇಕಿದ್ದರೆ ಮಾರ್ಚ್ ಕೊನೆಗೆ ಗುದ್ದಲಿ ತಂದು ಅಗೆದುಕೊಂಡು ಹೋಗಬಹುದು. ದಪ್ಪ ಕೈಗವಸು ನೀವೇ ತನ್ನಿ.