ತುರಿದ ಮೊಝರೆಲ್ಲಾ ತರಿಸುವ ಮುಂಚೆ ಇದನ್ನು ಓದಿ

ಹತ್ತೇ ನಿಮಿಷದಲ್ಲಿ ಪಿಜ್ಜಾ ಕೊಡ್ತೀನಿ ಅಂತ ನೆಂಟರ ಮುಂದೆ ಜಂಬ ಕೊಚ್ಚಿದ್ದೆ. ಮಾನ ಹೋಯಿತು.

ಕಷ್ಟದ ಕೆಲಸವೇನಲ್ಲ. ಪಿಜ್ಜಾಕ್ಕೆ ತಳವಾಗಿ ಬಳಸುವ ಫ್ಲಾಟ್‌ಬ್ರೆಡ್ (ಚಪ್ಪಟೆ ಬ್ರೆಡ್) ಮೊದಲೇ ಬೆಂದಿರುತ್ತದೆ. ತೆಳ್ಳಗೆ ಸಾಸ್ ಸವರಿ, ಚೀಸ್ ಉದುರಿಸಿ, 220 ಡಿಗ್ರಿ ಕಾದ ಓವನ್‌ನಲ್ಲಿ 8 ನಿಮಿಷ ಇಟ್ಟರೆ ಮುಗಿಯಿತು. ಎಷ್ಟು ಸಲ ಮಾಡಿದ್ದೇನೋ ಲೆಕ್ಕವಿಲ್ಲ. ಈ ಸಲ ಮಾತ್ರ ತುರಿಯುವ ಸೋಮಾರಿತನಕ್ಕೆ ಆನ್‌ಲೈನ್‌ನಲ್ಲಿ 'ತುರಿದ ಮೊಝರೆಲ್ಲಾ' ಎರಡು ಪ್ಯಾಕೆಟ್ ತರಿಸಿದೆ.

8 ನಿಮಿಷ ಆಯಿತು, ಕರಗಲಿಲ್ಲ. ಇನ್ನೆರಡು ನಿಮಿಷ ಅಂದೆ. ಮತ್ತೆ ಇನ್ನೆರಡು. ಅಷ್ಟರಲ್ಲಿ ಬ್ರೆಡ್ಡಿನ ಅಂಚು ಕರ್ರಗಾಯಿತು, ಚೀಸ್ ಎಳೆಗಳು ಮಾತ್ರ ಹಾಕಿದ ಹಾಗೇ ನಿಂತಿದ್ದವು, ಸುತ್ತ ಹಳದಿ ಎಣ್ಣೆ ಜಿನುಗಿ ಬ್ರೆಡ್ಡಿನ ನಡುಭಾಗ ಪಿಚಪಿಚ. ನಮ್ಮಕ್ಕನ ಮಗ ಒಂದು ತುತ್ತು ಕಚ್ಚಿ, "ಚಿಕ್ಕಮ್ಮ, ಇದು ರಬ್ಬರಾ?" ಅಂದ. ಎಲ್ಲರೂ ನಕ್ಕರು. ನಾನೂ ನಕ್ಕೆ, ಹೊಟ್ಟೆಯೊಳಗೆ ಉರಿಯುತ್ತಿತ್ತು.

ಆಮೇಲೆ ಪ್ಯಾಕೆಟ್ ತಿರುಗಿಸಿ ನೋಡಿದೆ. ಮೊದಲು ನೀರು, ಆಮೇಲೆ ತಾಳೆ ಎಣ್ಣೆ, ಆಮೇಲೆ ಪಿಷ್ಟ. ಜಾಸ್ತಿ ಇರುವುದನ್ನೇ ಮೊದಲು ಬರೆಯುತ್ತಾರೆ ಅಲ್ವಾ, ಹಾಲಿನ ಪುಡಿ ಎಲ್ಲೋ ಕೊನೆಯಲ್ಲಿ! ಮುಂದೆ ದೊಡ್ಡದಾಗಿ 'ಮೊಝರೆಲ್ಲಾ', ಕೆಳಗೆ ಇರುವೆಯಷ್ಟು ಅಕ್ಷರದಲ್ಲಿ 'ಸ್ಟೈಲ್ ಟಾಪಿಂಗ್'. ಚೀಸ್ ಅನ್ನುವ ಪದವೇ ಇಲ್ಲ. ಮಾರುವವರು ಹಾಕಿದ್ದ ಫೋಟೋದಲ್ಲಿ ಆ ಕೆಳಗಿನ ಸಾಲನ್ನೇ ಕತ್ತರಿಸಿದ್ದರು. ಕತ್ತರಿಸಿದ್ದರು ರೀ!

ಮೆಸೇಜ್ ಮಾಡಿದೆ. "ನಿಮ್ಮ ಓವನ್ ಸರಿಯಾಗಿ ಕಾದಿಲ್ಲ ಮೇಡಂ" ಅಂದರು. ಬ್ರೆಡ್ ಸುಟ್ಟಿದ್ದರ ಫೋಟೋ ಕಳಿಸಿದೆ. "ಹಾಗಾದ್ರೆ ಜಾಸ್ತಿ ಕಾದಿದೆ ಮೇಡಂ." ಇದು ಚೀಸೇ ಅಲ್ಲವಲ್ಲ ಅಂದರೆ, "ಪ್ಯಾಕೆಟ್ ಮೇಲೆ ಬರೆದಿದೆಯಲ್ಲ, ಓದಬೇಕಿತ್ತು" ಅಂತ ನನಗೇ ಬುದ್ಧಿ ಹೇಳಿದರು.

ಪಿಷ್ಟ ಇದೆ ಅಂದ ಮಾತ್ರಕ್ಕೆ ನಕಲಿ ಅಲ್ಲ, ಅಸಲಿ ಚೀಸ್ ತುರಿದು ಮಾರುವಾಗಲೂ ಅಂಟದಿರಲಿ ಅಂತ ಸ್ವಲ್ಪ ಹಾಕುತ್ತಾರೆ. ಎಣ್ಣೆ ಇದೆಯಾ ನೋಡಿ. 'ಅನಲಾಗ್' (ಅಂದರೆ ಚೀಸ್ ಥರ ಮಾಡಿದ್ದು), 'ಸ್ಟೈಲ್', 'ಟಾಪಿಂಗ್' ಅನ್ನುವ ಪದ ಕಂಡರೆ ಮುಟ್ಟಬೇಡಿ. ಪ್ಯಾಕೆಟ್ಟಿನ ಹಿಂಬದಿ ಫೋಟೋ ಹಾಕದವರ ಹತ್ತಿರ ಕೊಳ್ಳಲೇಬೇಡಿ. ಚೀಸ್ ಗಡ್ಡೆ ತಂದು ನೀವೇ ತುರಿದುಕೊಳ್ಳಿ, ಐದು ನಿಮಿಷದ ಕೆಲಸ. ನನಗೆ ಅದೇ ಭಾರವಾಗಿತ್ತು.

ಎರಡನೇ ಪ್ಯಾಕೆಟ್ ಇನ್ನೂ ಒಡೆದಿಲ್ಲ, ಅದನ್ನಾದರೂ ವಾಪಸ್ ತಗೊಳ್ಳಿ ಅಂತ ಮೂರು ದಿನದ ಹಿಂದೆ ಕೇಳಿದೆ. ನೀಲಿ ಟಿಕ್ ಬಿದ್ದಿದೆ, ಉತ್ತರ ಇಲ್ಲ.