ನೆಪ್ಟ್ಯೂನಿಯಾ ರೀಬರ್ತ್ 1 ಮತ್ತು 2: ದೇವಿಯರ ಜಗಳ, ಕಂಪನಿಗಳ ಲೆಕ್ಕ

ಸೆಗಾ ಕಂಪನಿ 1990ರ ದಶಕದ ಮಧ್ಯದಲ್ಲಿ ನೆಪ್ಟ್ಯೂನ್ ಅಂತ ಒಂದು ವಿಡಿಯೋ ಗೇಮ್ ಮೆಷಿನ್ ಮಾಡಲು ಹೊರಟಿತ್ತು. ತನ್ನ ಹಳೇ ಮೆಷಿನ್ ಮೆಗಾ ಡ್ರೈವ್ ಮತ್ತು ಅದರ ಬಲ ಹೆಚ್ಚಿಸಲು ತಲೆ ಮೇಲೆ ಕೂರಿಸುತ್ತಿದ್ದ 32ಎಕ್ಸ್, ಎರಡನ್ನೂ ಒಂದೇ ಡಬ್ಬಿಯಲ್ಲಿ ಹಾಕಿ ಮಾರುವ ಯೋಚನೆ. ಅಷ್ಟರಲ್ಲಿ ಸೆಗಾದ್ದೇ ಹೊಸ ಮೆಷಿನ್ ಸ್ಯಾಟರ್ನ್ ಬಂತು. 32ಎಕ್ಸ್ ಯಾರಿಗೂ ಬೇಡವಾಯಿತು. ನೆಪ್ಟ್ಯೂನ್ ಅಂಗಡಿ ಮುಖವನ್ನೇ ನೋಡಲಿಲ್ಲ. ಹುಟ್ಟದೇ ಹೋದ ಆ ಮೆಷಿನ್ನನ್ನು 2010ರಲ್ಲಿ ಕಂಪೈಲ್ ಹಾರ್ಟ್ ಎಂಬ ಜಪಾನಿನ ಸ್ಟುಡಿಯೋ ನೇರಳೆ ಕೂದಲಿನ ಹುಡುಗಿ ಮಾಡಿ, ದೇವಿ ಪಟ್ಟ ಕಟ್ಟಿ, ತನ್ನ ಗೇಮಿನ ನಾಯಕಿಯಾಗಿ ನಿಲ್ಲಿಸಿತು. ಅದೇ ಹೈಪರ್‌ಡೈಮೆನ್ಷನ್ ನೆಪ್ಟ್ಯೂನಿಯಾ.

ಮೊದಲು ಅದು ಸೋನಿಯ ಪ್ಲೇಸ್ಟೇಷನ್ 3ಗೆ (ಪಿಎಸ್3) ಬಂದಿತ್ತು. ಆ ಹಳೆಯದನ್ನು ಹುಡುಕಿಕೊಂಡು ಹೋಗಬೇಡಿ. ಅದರಲ್ಲಿ ಜಗಳದ ಮಧ್ಯೆ ಔಷಧಿ ಕುಡಿಯಬೇಕು ಅಂದರೂ ನಮ್ಮ ಕೈಯಲ್ಲಿ ಇರಲಿಲ್ಲ, ಇಷ್ಟು ಪರ್ಸೆಂಟ್ ಅದೃಷ್ಟ ಇದ್ದರೆ ತಾನಾಗೇ ಆಗುತ್ತಿತ್ತು. ಆಮೇಲೆ ಸೋನಿಯ ಕೈಯಲ್ಲಿ ಹಿಡಿದು ಆಡುವ ಮೆಷಿನ್ ವೀಟಾಗೆ ಅಂತ ಹೊಸದಾಗಿ ಮಾಡಿದ್ದು ರೀಬರ್ತ್ 1. ಹೆಸರಿನ ಮಧ್ಯೆ ಒಂದು ಸೆಮಿಕೋಲನ್ ಬೇರೆ ಇದೆ, ಯಾಕೆ ಅಂತ ಕೇಳಬೇಡಿ. 2015ರಲ್ಲಿ ಅದು ಕಂಪ್ಯೂಟರ್ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್‌ಗೆ ಬಂತು, ಅದೇ ವರ್ಷ ಎರಡನೇ ಭಾಗವೂ ಬಂತು. ನಾನು ಆಡಿದ್ದು ಈ ಎರಡು. ನನ್ನ ಹಳೇ ಲ್ಯಾಪ್‌ಟಾಪಿನಲ್ಲೇ ಆರಾಮಾಗಿ ಓಡುತ್ತವೆ, ಗ್ರಾಫಿಕ್ಸ್ ಕಾರ್ಡಿಗೆ ದುಡ್ಡು ಸುರಿಯಬೇಕಾಗಿಲ್ಲ. ಮಾತು ಜಪಾನೀಸ್ ಅಥವಾ ಇಂಗ್ಲಿಷ್, ಯಾವುದು ಬೇಕೋ ಇಟ್ಟುಕೊಳ್ಳಬಹುದು. ಓದುವುದು ಮಾತ್ರ ಸಿಕ್ಕಾಪಟ್ಟೆ ಇದೆ.

ಲೋಕದ ಹೆಸರು ಗೇಮಿಂಡಸ್ಟ್ರಿ. ಅಲ್ಲಿ ನಾಲ್ಕು ದೇಶ, ನಾಲ್ಕು ದೇವಿಯರು. ಪ್ಲಾನೆಪ್ಟ್ಯೂನಿಗೆ ನಮ್ಮ ನೆಪ್ಟ್ಯೂನ್. ಲಾಸ್ಟೇಷನ್‌ಗೆ ನುವಾರ್, ಕಪ್ಪು ಬಟ್ಟೆಯವಳು, ಅಂದರೆ ಪ್ಲೇಸ್ಟೇಷನ್. ಹಿಮದ ನಾಡು ಲೋವೀಗೆ ಬ್ಲಾಂಕ್, ಅಂದರೆ ನಿಂಟೆಂಡೋದ ವೀ. ಲೀನ್‌ಬಾಕ್ಸ್‌ಗೆ ಹಸಿರು ಬಟ್ಟೆಯ ವೆರ್, ಎಕ್ಸ್‌ಬಾಕ್ಸ್. ಈ ದೇವಿಯರ ಶಕ್ತಿ ಬರುವುದು ಜನರ ಭಕ್ತಿಯಿಂದ. ಆ ಭಕ್ತಿಗೆ ಇವರು ಇಟ್ಟ ಹೆಸರು ‘ಷೇರ್ಸ್’. ಹೌದು, ಮಾರ್ಕೆಟ್ ಷೇರೇ. ಪೆಟ್ಟಿಗೆ ಎಷ್ಟು ಮಾರಾಟವಾಯಿತು ಅನ್ನುವ ಲೆಕ್ಕವೇ ಇಲ್ಲಿ ದೇವರ ಆಯಸ್ಸು.

ಇಡೀ ಗೇಮಿನ ಅತ್ಯುತ್ತಮ ಜೋಕ್ ಇದೇ ಅಂತ ನನ್ನ ಲೆಕ್ಕ. ಯಾಕೆಂದರೆ ಇದನ್ನು ಬರೀ ಮಾತಿನಲ್ಲಿ ಹೇಳಿ ಬಿಟ್ಟಿಲ್ಲ, ಆಟದೊಳಗೇ ಇಟ್ಟಿದ್ದಾರೆ. ಗಿಲ್ಡಿಗೆ, ಅಂದರೆ ಕೆಲಸ ಹಂಚುವ ಕಚೇರಿಗೆ ಹೋಗಿ ಒಂದು ಕೆಲಸ ಒಪ್ಪಿಕೊಳ್ಳುತ್ತೀರಿ. ಯಾರದೋ ಹೊಲಕ್ಕೆ ನುಗ್ಗಿದ ಡೋಗೂಗಳನ್ನು ಓಡಿಸುವುದೋ ಏನೋ. (ಡೋಗೂ ಅಂದರೆ ನಾಯಿ ಮುಖದ ನೀಲಿ ಜೆಲ್ಲಿ. ಮುದ್ದಾಗಿದೆ, ಹೊಡೆಯಲು ಮನಸ್ಸು ಬರಲ್ಲ.) ಕೆಲಸ ಮುಗಿಸಿದರೆ ಒಂದು ದೇಶದ ಷೇರ್ ಏರುತ್ತದೆ, ಇನ್ನೊಂದು ದೇಶದ್ದು ಇಳಿಯುತ್ತದೆ. ಇಬ್ಬರಿಗೂ ಒಳ್ಳೆಯದಾಗುವ ಕೆಲಸ ಅಂತ ಇಲ್ಲವೇ ಇಲ್ಲ ಅನ್ನುವಷ್ಟು ಕಡಿಮೆ. ಎರಡನೇ ಭಾಗದಲ್ಲಿ ಕಥೆ ಹೇಗೆ ಮುಗಿಯಬೇಕು ಅನ್ನುವುದೂ ಈ ಷೇರ್ ಲೆಕ್ಕದ ಮೇಲೆ ನಿಂತಿದೆ. ಕನ್ಸೋಲ್ (ಇಂಥ ಗೇಮ್ ಮೆಷಿನ್) ಅಭಿಮಾನಿಗಳು ಯಾಕೆ ಅಷ್ಟು ಕಚ್ಚಾಡುತ್ತಾರೆ ಅನ್ನುವುದು ಈ ಒಂದು ಷೇರ್ ಪಟ್ಟಿ ನೋಡಿದರೆ ಅರ್ಥವಾಗುತ್ತದೆ.

ಪಾತ್ರಗಳಲ್ಲಿ ಹುದುಗಿಸಿದ ಚೇಷ್ಟೆಗಳು ಹುಡುಕಿದಷ್ಟೂ ಸಿಗುತ್ತವೆ. ಎರಡನೇ ಭಾಗ ದೇವಿಯರ ತಂಗಿಯರ ಕಥೆ. ತಂಗಿ ಅಂದರೆ ಕೈಯಲ್ಲಿ ಹಿಡಿದು ಆಡುವ ಮೆಷಿನ್. ನೆಪ್ಟ್ಯೂನ್ ತಂಗಿ ನೆಪ್‌ಗಿಯರ್, ಸೆಗಾದ ಗೇಮ್ ಗಿಯರ್. ನುವಾರ್ ತಂಗಿ ಯೂನಿ, ಸೋನಿಯ ಪಿಎಸ್‌ಪಿ. ಬ್ಲಾಂಕ್‌ಗೆ ಇಬ್ಬರು, ರೋಮ್ ಮತ್ತು ರಾಮ್, ಅವಳಿ ಜವಳಿ. ನಿಂಟೆಂಡೋ ಡಿಎಸ್‌ಗೆ ಎರಡು ಸ್ಕ್ರೀನ್ ಇತ್ತಲ್ವಾ, ಅದಕ್ಕೆ. ವೆರ್‌ಗೆ ಮಾತ್ರ ತಂಗಿಯೇ ಇಲ್ಲ. ಎಕ್ಸ್‌ಬಾಕ್ಸ್ ಮಾಡುವ ಮೈಕ್ರೋಸಾಫ್ಟ್ ಆ ಹೊತ್ತಿಗೆ ಅಂಥದ್ದೊಂದು ಮೆಷಿನ್ ಮಾಡಿರಲೇ ಇಲ್ಲ. ಪಾಪ, ಅವಳು ನೆಪ್‌ಗಿಯರ್‌ಳನ್ನೇ ನನ್ನ ತಂಗಿ ಮಾಡಿಕೊಳ್ಳುತ್ತೇನೆ ಅಂತ ಹಿಂದೆ ಬೀಳುತ್ತಾಳೆ. ನನಗೆ ಜೋರಾಗಿ ನಗು ಬಂದಿದ್ದು ಇಲ್ಲೇ. ಒಂದು ಕಂಪನಿಯ ವಹಿವಾಟಿನಲ್ಲಿದ್ದ ಖಾಲಿ ಜಾಗವನ್ನು ಒಂಟಿ ಅಕ್ಕನ ಸಂಕಟ ಮಾಡಿದ್ದಾರೆ.

ಇನ್ನು ಖಳನಾಯಕಿಯ ವಿಷಯ. ಇಲ್ಲಿ ನಾನು ಸ್ವಲ್ಪ ಹೊತ್ತು ನಿಲ್ಲಲೇಬೇಕು, ಕಾರಣ ಹೇಳುತ್ತೇನೆ.

ಅವಳ ಹೆಸರು ಆರ್ಫ್ವಾರ್. ಜೋರಾಗಿ ಹೇಳಿ ನೋಡಿ, ಆರ್4. ನಿಂಟೆಂಡೋ ಡಿಎಸ್‌ಗೆ ಹಾಕುತ್ತಿದ್ದ ಕಾಪಿ ಕಾರ್ಡ್. ಚಿಕ್ಕ ಮೆಮೊರಿ ಕಾರ್ಡಿಗೆ ಗೇಮ್‌ಗಳನ್ನು ತುಂಬಿ ಅದರೊಳಗೆ ಸಿಕ್ಕಿಸಿದರೆ ಸಾಕು, ಪುಕ್ಕಟೆ ಆಟ. ನಿಂಟೆಂಡೋ ಮತ್ತು 54 ಗೇಮ್ ಕಂಪನಿಗಳು ಕೋರ್ಟಿಗೆ ಹೋಗಿ, 2009ರ ಫೆಬ್ರವರಿಯಲ್ಲಿ ಟೋಕಿಯೋ ಜಿಲ್ಲಾ ನ್ಯಾಯಾಲಯ ಅದರ ಮಾರಾಟಕ್ಕೆ ತಡೆ ಹಾಕಿತು. ಮುಂದಿನ ವರ್ಷವೇ ಈ ಗೇಮ್ ಬಂದಿದ್ದು. ಗಾಯ ಇನ್ನೂ ಹಸಿ ಇತ್ತು ಅಂತ ಗೊತ್ತಾಗುತ್ತದೆ. ಎರಡನೇ ಭಾಗದಲ್ಲಿ ಅವಳ ಭಕ್ತರು ಒಂದು ದೊಡ್ಡ ಗ್ಯಾಂಗ್ ಕಟ್ಟಿದ್ದಾರೆ. ಅದರ ನಾಲ್ವರು ಮುಖಂಡರ ಹೆಸರಿನ ಮುಂದೆ ಸಿಎಫ್‌ಡಬ್ಲ್ಯೂ ಅಂತ ಇದೆ, ಪಿಎಸ್‌ಪಿಗೆ ಹುಡುಗರು ಹಾಕಿಕೊಳ್ಳುತ್ತಿದ್ದ ಕಸ್ಟಮ್ ಫರ್ಮ್‌ವೇರ್, ಅಂದರೆ ಕಾಪಿ ಗೇಮ್ ಓಡಲಿ ಅಂತ ತಿದ್ದಿದ ಸಾಫ್ಟ್‌ವೇರ್. ಪುಕ್ಕಟೆ ಗೇಮ್ ಸಿಗುತ್ತದೆ ಅಂತ ಜನ ದೇವಿಯರನ್ನು ಬಿಟ್ಟು ಆ ಕಡೆ ಹೋಗಿದ್ದಾರೆ. ದೇವಿಯರೆಲ್ಲ ಗೇಮಿಂಡಸ್ಟ್ರಿಯ ಸ್ಮಶಾನದಲ್ಲಿ ಬಂಧಿಗಳು. ಕಥೆ ಶುರುವಾಗುವುದೇ ಅಲ್ಲಿಂದ.

ಕಥೆ ಗಟ್ಟಿಯಾಗಿದೆ. ಆದರೆ ನಾನು ಮತ್ತು ನಮ್ಮಣ್ಣ ಹಾಸನದಲ್ಲಿ ಒಂದಷ್ಟು ವರ್ಷ ವಿಡಿಯೋ ಗೇಮ್ ಅಂಗಡಿ ಇಟ್ಟಿದ್ದವರು. ನಾಲ್ಕು ಟಿವಿ, ನಾಲ್ಕು ಪಿಎಸ್2, ಗಂಟೆಗೆ ಹತ್ತು ರೂಪಾಯಿ. ಎಲ್ಲದಕ್ಕೂ ಕಾಪಿ ಡಿಸ್ಕ್ ಓಡಿಸುವ ಚಿಪ್ ಹಾಕಿಸಿದ್ದೆವು. ಡಿಸ್ಕೆಲ್ಲ ಬೆಂಗಳೂರಿಂದ ತಂದ ಕಾಪಿ. ಒಂದು ಒರಿಜಿನಲ್ ಡಿಸ್ಕಿನ ದುಡ್ಡಿಗೆ ನಮ್ಮ ಅಂಗಡಿಯ ತಿಂಗಳ ಕರೆಂಟ್ ಬಿಲ್ ಕಟ್ಟಬಹುದಿತ್ತು. ಅದಕ್ಕೂ ಮುಂಚೆ ಮನೆಯಲ್ಲಿದ್ದದ್ದು ‘9999 ಇನ್ 1’ ಕ್ಯಾಸೆಟ್ ಹಾಕುವ ಟಿವಿ ಗೇಮ್, ಅದೂ ನಿಂಟೆಂಡೋದ ನಕಲು. ನಮ್ಮ ತಲೆಮಾರಿನ ಬಹಳ ಜನ ಆಟ ಕಲಿತದ್ದೇ ಹೀಗೆ. 1995ರಲ್ಲಿ ಸೆಗಾ ಮೆಷಿನ್ ಭಾರತಕ್ಕೆ ಬಂದಿತ್ತು, ಮಾರಲು ಕೈಹಾಕಿದ್ದು ಶಾ ವಾಲೇಸ್, ಹೆಂಡದ ಕಂಪನಿ! ಹಾಸನದ ಮಧ್ಯಮ ವರ್ಗದ ಮನೆಗೆ ಅದು ಹೇಗೆ ತಲುಪಬೇಕಿತ್ತು ಹೇಳಿ.

ಹಾಗಾಗಿ ಆರ್ಫ್ವಾರ್ ಭಕ್ತರನ್ನು ನೋಡಿದಾಗೆಲ್ಲ ನನಗೆ ನಮ್ಮ ಗಿರಾಕಿಗಳೇ ಕಂಡರು. ಗೇಮ್ ಅವರನ್ನು ಸೋಮಾರಿಗಳು, ದುರಾಸೆಯವರು ಅಂತ ತೋರಿಸಿ ಮುಂದೆ ಹೋಗುತ್ತದೆ. ದೇವಿಯರ ಸೋಮಾರಿತನ, ಜಂಬ, ಹೊಟ್ಟೆಕಿಚ್ಚು ಎಲ್ಲವನ್ನೂ ಮನಸಾರೆ ಗೇಲಿ ಮಾಡುವ ಗೇಮ್ ಇದು. ದುಡ್ಡಿಲ್ಲದವನು ಯಾವ ದೇವಿಗೆ ಕೈಮುಗಿಯಬೇಕು ಅನ್ನುವ ಪ್ರಶ್ನೆ ಬಂದಾಗ ಮಾತ್ರ ಅದರ ಗೇಲಿ ನಿಂತುಹೋಗುತ್ತದೆ. ಅಲ್ಲಿ ಅದು ಕಂಪನಿಯ ಕೌಂಟರ್ ಹಿಂದೆ ಹೋಗಿ ನಿಂತುಕೊಳ್ಳುತ್ತದೆ. ಗೇಮ್ ಮಾಡುವವರು ತಮ್ಮ ಹೊಟ್ಟೆಗೆ ಹೊಡೆದವರನ್ನು ರಾಕ್ಷಸಿ ಮಾಡಿದ್ದು ಅರ್ಥವಾಗುವ ವಿಷಯವೇ. ಆದರೂ ಆರ್ಫ್ವಾರ್ ಕಡೆ ಒಬ್ಬನಾದರೂ ಮಾತಾಡಬೇಕಿತ್ತು.

ಈ ದೂರಿಗೆ ಅರ್ಧ ಉತ್ತರ ಅನ್ನುವಂಥದ್ದು ಎರಡನೇ ಭಾಗದ ಒಂದು ಮೂಲೆಯಲ್ಲಿದೆ. ಗೇಹಾಬರ್ನ್ ಅಂತ ಒಂದು ಶಾಪಗ್ರಸ್ತ ಕತ್ತಿ. ಒಬ್ಬೊಬ್ಬ ದೇವಿಯನ್ನು ಕೊಂದಷ್ಟೂ ಅದರ ಬಲ ಹೆಚ್ಚುತ್ತದೆ. ‘ಗೇಹಾ’ ಅನ್ನುವುದು ಜಪಾನಿನಲ್ಲಿ ಕನ್ಸೋಲ್ ಅಭಿಮಾನಿಗಳು ಹಗಲೂ ರಾತ್ರಿ ಕಚ್ಚಾಡುವ ಇಂಟರ್ನೆಟ್ ಕಟ್ಟೆಯ ಅಡ್ಡಹೆಸರು. ನೀವು ಆಡುವ ರೀತಿ ನೋಡಿಕೊಂಡು ಕಥೆ ಆ ಕತ್ತಿಯ ದಾರಿ ಹಿಡಿಯಬಹುದು. ನೆಪ್‌ಗಿಯರ್ ತನ್ನ ಗೆಳತಿಯರನ್ನು, ಅವರ ಅಕ್ಕಂದಿರನ್ನು, ಕೊನೆಗೆ ಸ್ವಂತ ಅಕ್ಕನನ್ನೂ ಕೊಲ್ಲಬೇಕಾಗುತ್ತದೆ. ಅಲ್ಲಿಯವರೆಗೆ ಪುಡಿಂಗ್ ತಿನ್ನುತ್ತಾ ತಮಾಷೆ ಮಾಡುತ್ತಿದ್ದ ಗೇಮ್ ಒಮ್ಮೆಲೇ ನಗುವುದನ್ನು ನಿಲ್ಲಿಸುತ್ತದೆ. ಕೊನೆಗೆ ಉಳಿಯುವುದು ಒಂದೇ ದೇಶ, ಪೈಪೋಟಿಯೇ ಇಲ್ಲದ ಮಾರ್ಕೆಟ್. ಅದು ಎಂಥ ಗತಿ ಅಂತ ಒಂದು ಪಾತ್ರ ಹೇಳುವ ಮಾತು ಕೇಳಿದರೆ ಯಾವುದೇ ಕಂಪನಿಯ ಕಟ್ಟಾ ಅಭಿಮಾನಿಯೂ ಸ್ವಲ್ಪ ಹೊತ್ತು ಸುಮ್ಮನಾಗಬೇಕು.

ಆಟ ಹೇಗಿದೆ ಅಂದರೆ, ಪರವಾಗಿಲ್ಲ. ಸರದಿಯ ಪ್ರಕಾರ ಹೊಡೆದಾಟ, ಮೈದಾನದಲ್ಲಿ ಓಡಾಡಿ ಜಾಗ ಹಿಡಿದು ಮೂರು ಬಗೆಯ ಏಟುಗಳನ್ನು ಜೋಡಿಸಬೇಕು. ಮೊದಮೊದಲು ಖುಷಿ. ಆಮೇಲೆ ಅದೇ ಗುಹೆ, ಅದೇ ಕಾಡು, ಅದೇ ರಾಕ್ಷಸರು, ಬಣ್ಣ ಮಾತ್ರ ಬೇರೆ. ಹಳೇ ಸೆಟ್ಟಿಂಗನ್ನೇ ಮತ್ತೆ ಬಳಸಿದ್ದೇವೆ ಅಂತ ಪಾತ್ರಗಳೇ ಜೋಕ್ ಮಾಡುತ್ತವೆ. ಜೋಕ್ ಮಾಡಿಬಿಟ್ಟರೆ ಬೇಸರ ಕಮ್ಮಿಯಾಗುತ್ತಾ? ಇಲ್ಲ. ನಮ್ಮ ಕಿಸೆಯಿಂದ ದುಡ್ಡು ತಗೊಂಡು, ನೋಡಿ ಹೇಗೆ ಉಳಿಸಿದೆವು ಅಂತ ಕಣ್ಣು ಹೊಡೆದ ಹಾಗಿದೆ. ಒಂದೇ ಸಮಾಧಾನ ಅಂದರೆ ರೀಮೇಕ್ ಸಿಸ್ಟಮ್. ಸಾಮಾನು ಕೂಡಿಸಿ ನೀವೇ ಗೇಮಿನ ನಿಯಮ ಬದಲಿಸಬಹುದು, ರಾಕ್ಷಸರನ್ನು ಸುಲಭ ಮಾಡಬಹುದು, ಆದರೆ ಎಲ್ಲಕ್ಕೂ ಇಷ್ಟು ಎಂಬಿ ಜಾಗ ಅಂತ ಮಿತಿ. ಮೆಮೊರಿ ಸಾಲದೆ ಒದ್ದಾಡುವ ಡೆವಲಪರ್ ಪಾಡು ನಮಗೂ ಒಂಚೂರು ಗೊತ್ತಾಗಲಿ ಅಂತ ಇಟ್ಟ ಹಾಗಿದೆ.

2013ರಲ್ಲಿ ಡೇವಿಡ್ ಪ್ರೊಡಕ್ಷನ್ ಎಂಬ ಸ್ಟುಡಿಯೋ ಇದನ್ನು 12 ಕಂತಿನ ಅನಿಮೆ (ಜಪಾನೀಸ್ ಕಾರ್ಟೂನ್) ಮಾಡಿತು. ಮೊದಲ ಕಂತಿನಲ್ಲೇ ನಾಲ್ಕು ದೇವಿಯರು ಸ್ನೇಹದ ಒಪ್ಪಂದಕ್ಕೆ ಸಹಿ ಹಾಕಿಬಿಡುತ್ತಾರೆ, ಷೇರಿಗಾಗಿ ಯುದ್ಧ ಬಂದ್. ಅಲ್ಲಿಗೆ ವಿಡಂಬನೆಯ ಉಸಿರೂ ಬಂದ್. ಬಣ್ಣ ಚೆನ್ನಾಗಿದೆ. ಪೀಶೆ ಅಂತ ಒಂದು ಪುಟ್ಟ ಹುಡುಗಿ ಬರುತ್ತಾಳೆ, ಅವಳು ಪಿಸಿ ಎಂಜಿನ್ ಎಂಬ ಹಳೇ ಗೇಮ್ ಮೆಷಿನ್. ಅವಳ ಕಥೆ ಕಣ್ಣಲ್ಲಿ ನೀರು ತರಿಸುತ್ತದೆ. ಉಳಿದದ್ದು ಸುಮ್ನೆ ಹುಡುಗಿಯರ ಪಿಕ್‌ನಿಕ್.

ಮನೆಯಲ್ಲಿ ಮಕ್ಕಳಿದ್ದರೆ ಒಂದು ಮಾತು. ಮುಖಪುಟ ನೋಡಿ ಮಕ್ಕಳ ಗೇಮ್ ಅಂದುಕೊಳ್ಳಬೇಡಿ. ದೇವಿಯರು ರೂಪ ಬದಲಿಸಿದಾಗ ಹಾಕುವ ಬಟ್ಟೆ ಬಟ್ಟೆಯೇ ಅಲ್ಲ. ಎಕ್ಸ್‌ಬಾಕ್ಸ್ ಪೆಟ್ಟಿಗೆ ದೊಡ್ಡದು, ವೀ ಚಿಕ್ಕದು ಅನ್ನುವುದನ್ನು ಹುಡುಗಿಯರ ಎದೆಯ ಮೇಲೆ ಜೋಕ್ ಮಾಡಿ, ಅದನ್ನೇ ಮತ್ತೆ ಮತ್ತೆ ಹೇಳುತ್ತಾರೆ. ಟ್ರಿಕ್ ಅನ್ನುವ ರಾಕ್ಷಸ ಚಿಕ್ಕ ಹುಡುಗಿಯರ ಹಿಂದೆ ಬೀಳುವ ಭಾಗ ತಮಾಷೆ ಅಂತ ಬರೆದವರಿಗೆ ಅನ್ನಿಸಿರಬೇಕು, ನನಗೆ ಅಸಹ್ಯವಾಯಿತು.

ತಗೋಬೇಕಾ ಅಂತ ಕೇಳಿದರೆ, ಸ್ಟೀಮ್ ಸೇಲ್ ಬರುವವರೆಗೆ ಕಾಯಿರಿ, ಆಗಾಗ ಬೆಲೆ ಚೆನ್ನಾಗಿ ಇಳಿಯುತ್ತದೆ, ಯುಪಿಐನಲ್ಲೇ ಕಟ್ಟಬಹುದು. ಒಂದೇ ತಗೊಳ್ಳುವುದಾದರೆ ಎರಡನೆಯದನ್ನು ತಗೊಳ್ಳಿ, ಮೊದಲನೆಯದನ್ನು ಆಡದಿದ್ದರೂ ಕಥೆ ಅರ್ಥವಾಗುತ್ತದೆ. ಗೇಹಾಬರ್ನ್ ಹುಡುಕಲು ಹೊರಡುವ ಮುಂಚೆ ಬೇರೆ ಸ್ಲಾಟಿನಲ್ಲಿ ಒಂದು ಸೇವ್ ಇಟ್ಟುಕೊಳ್ಳಿ. ಆ ದಾರಿ ಹಿಡಿದರೆ ಅದೇ ಸೇವ್‌ನಲ್ಲಿ ವಾಪಸ್ ಬರಲು ಆಗಲ್ಲ.